ಹೋರಿಗೆ ಈಜು, ಹುಡುಗನಿಗೆ ಸ್ಪೆಷಲ್ ಕ್ಲಾಸು

ದೀಪಾವಳಿ ಹತ್ತಿರ ಬಂತೆಂದರೆ ಶಿಕಾರಿಪುರ, ಸೊರಬದ ಕಡೆ ಹೋರಿ ಸಾಕಿದವರ ಮನೆಯಲ್ಲಿ ಏನು ನಡೆಯುತ್ತೆ ಅಂತ ನಿಮಗೆ ಗೊತ್ತೇ ಇದೆ. ಹೋರಿಯನ್ನು ಕೆರೆಗೆ ಇಳಿಸಿ ಈಜಿಸ್ತಾರೆ, ಓಡಿಸ್ತಾರೆ, ಹಿಂಡಿ ಹುರುಳಿ ಹಾಕ್ತಾರೆ. ತಿಂಗಳುಗಟ್ಟಲೆ ಗೂಟಕ್ಕೆ ಕಟ್ಟಿಟ್ಟ ಹೋರಿ ಹಬ್ಬದ ದಿನ ಕೊಬ್ಬರಿ ಸರ ಹೊತ್ತು ಜನರ ನಡುವೆ ನುಗ್ಗಲ್ಲ ಅನ್ನೋದನ್ನ ಯಾರೂ ಅವರಿಗೆ ಹೇಳಿಕೊಡಬೇಕಿಲ್ಲ.

ಅದೇ ಮನೆಯಲ್ಲಿ ಹತ್ತನೇ ಕ್ಲಾಸಿನ ಹುಡುಗ ಇದ್ದರೆ ಲೆಕ್ಕ ತಿರುಗುಮುರುಗು. ಬೆಳಿಗ್ಗೆ ಸ್ಪೆಷಲ್ ಕ್ಲಾಸು, ಸಂಜೆ ಟ್ಯೂಷನ್ನು, ರಾತ್ರಿ ಪುಸ್ತಕದ ಮುಂದೆ ತೂಕಡಿಕೆ. ಬಾಲ್ ಮುಟ್ಟಿದರೆ "ಆಟ ಆಡ್ಕೊಂಡಿದ್ರೆ ಪಾಸಾಗ್ತೀಯೇನೋ?" ಅಂತ ಬೈಗುಳ. ಶಾಲೆಯಲ್ಲೂ ಇದೇ ಕಥೆ. ವೇಳಾಪಟ್ಟಿಯಲ್ಲಿ ಪಿ.ಟಿ. ಪೀರಿಯಡ್ ಇರುತ್ತೆ. ಪರೀಕ್ಷೆ ಹತ್ತಿರ ಬಂದ ಹಾಗೆ ಅದು ಗಣಿತಕ್ಕೋ ವಿಜ್ಞಾನಕ್ಕೋ ಹೋಗುತ್ತೆ. ಇಂಗ್ಲಿಷ್ ಪೀರಿಯಡ್ ಹೀಗೆ ಹೋದರೆ ನಾವು ಗಲಾಟೆ ಮಾಡ್ತಿದ್ದೆವು. ಪಿ.ಟಿ. ಹೋದರೆ "ಒಳ್ಳೇದೇ ಆಯ್ತು ಬಿಡಿ" ಅಂತೀವಿ. ನನ್ನ ಜಗಳ ಇರೋದು ಈ ಮಾತಿನ ಜೊತೆಗೆ.

ಆಟಕ್ಕೆ ಕೊಟ್ಟ ಹೊತ್ತು ಓದಿಗೆ ನಷ್ಟ ಅನ್ನೋದು ಪರೀಕ್ಷೆ ಮಾಡದೇ ನಂಬಿಕೊಂಡು ಬಂದ ಮಾತು. ಕೆನಡಾದಲ್ಲಿ ಅದನ್ನು ಪರೀಕ್ಷೆ ಮಾಡಿಯೇ ನೋಡಿದ್ದಾರೆ. ಕ್ವಿಬೆಕ್ ಪ್ರಾಂತ್ಯದ ಟ್ರುವಾ-ರಿವಿಯೇರ್ ಪ್ರದೇಶದಲ್ಲಿ 1970ರ ದಶಕದಲ್ಲಿ ಐನೂರಕ್ಕೂ ಹೆಚ್ಚು ಪ್ರಾಥಮಿಕ ಶಾಲೆ ಮಕ್ಕಳನ್ನು ವರ್ಷಗಟ್ಟಲೆ ಗಮನಿಸಿದರು. ಅರ್ಧದಷ್ಟು ಮಕ್ಕಳಿಗೆ ವಾರಕ್ಕೆ ಐದು ಗಂಟೆ ವ್ಯಾಯಾಮ ಹೆಚ್ಚು ಕೊಟ್ಟರು, ಅದನ್ನು ಪಾಠದ ಸಮಯದಿಂದಲೇ ಕಿತ್ತುಕೊಂಡರು. ಒಂದನೇ ಕ್ಲಾಸಲ್ಲಿ ಆ ಮಕ್ಕಳು ಸ್ವಲ್ಪ ಹಿಂದೆ ಬಿದ್ದಿದ್ದು ನಿಜ. ಎರಡನೇ ಕ್ಲಾಸಿಂದ ಮುಂದೆ ಅವರ ಅಂಕವೇ ಮೇಲಾಯಿತು. ಪಾಠ ಕಡಿಮೆ, ಅಂಕ ಜಾಸ್ತಿ! ಆಮೇಲೆ ಬೇರೆ ದೇಶಗಳಲ್ಲೂ ನೋಡಿದ್ದಾರೆ. ಆಟದ ಸಮಯ ಹೆಚ್ಚಿಸಿದ ಮಾತ್ರಕ್ಕೆ ಅಂಕ ಕುಸಿಯಲ್ಲ ಅನ್ನೋದೇ ಒಟ್ಟಾರೆ ಸಿಕ್ಕ ಉತ್ತರ.

ಯಾಕೆ ಹೀಗೆ? ನಮ್ಮ ಮಿದುಳಿನ ತೂಕ ಮೈ ತೂಕದ ನೂರಕ್ಕೆ ಎರಡು ಪಾಲು ಮಾತ್ರ. ಆದರೆ ಸುಮ್ಮನೆ ಕೂತಾಗಲೂ ಮೈ ಖರ್ಚು ಮಾಡೋ ಶಕ್ತಿಯಲ್ಲಿ ಐದನೇ ಒಂದು ಪಾಲು ಅದಕ್ಕೇ ಬೇಕು. ಓಡಿದಾಗ ಎದೆ ಬಡಿತ ಏರಿ ಮಿದುಳಿಗೆ ರಕ್ತ ಚೆನ್ನಾಗಿ ಹರಿಯುತ್ತೆ. ನರಕೋಶಗಳು ಬೆಳೆಯೋಕೆ, ಒಂದಕ್ಕೊಂದು ಬೆಸೆದುಕೊಳ್ಳೋಕೆ ಬೇಕಾದ ಬಿಡಿಎನ್‌ಎಫ್ ಅನ್ನೋ ಪ್ರೋಟೀನು ಹೆಚ್ಚುತ್ತೆ. ಹೊಸದನ್ನು ನೆನಪಲ್ಲಿ ಉಳಿಸಿಕೊಡೋ ಹಿಪೊಕ್ಯಾಂಪಸ್ ಅನ್ನೋ ಭಾಗ ಮಿದುಳಿನ ಒಳಗಿದೆ. ಅಮೆರಿಕದಲ್ಲಿ 55 ದಾಟಿದ 120 ಜನರ ಮೇಲೆ ನಡೆದ ಅಧ್ಯಯನವೊಂದು 2011ರಲ್ಲಿ ಪ್ರಕಟವಾಯಿತು. ವಾರಕ್ಕೆ ಮೂರು ದಿನ, ದಿನಕ್ಕೆ 40 ನಿಮಿಷ ಬಿರುಸಾಗಿ ನಡೆದವರಲ್ಲಿ ಒಂದು ವರ್ಷಕ್ಕೆ ಈ ಭಾಗ ಸುಮಾರು ಶೇ. 2ರಷ್ಟು ಬೆಳೆದಿತ್ತು. ಬರೀ ಮೈ ಸಡಿಲಿಸೋ ವ್ಯಾಯಾಮ ಮಾಡಿದವರಲ್ಲಿ ಅದು ಕುಗ್ಗಿತ್ತು. ಮನೆಯಲ್ಲಿ ಅಜ್ಜ ಅಜ್ಜಿ ಇದ್ದವರು ಇದನ್ನು ಇನ್ನೊಂದು ಸಲ ಓದಿಕೊಳ್ಳಿ.

ಮಕ್ಕಳದ್ದು ಇನ್ನೂ ಬೇಗ. ಇಲಿನಾಯ್ ವಿಶ್ವವಿದ್ಯಾಲಯದವರು 2009ರಲ್ಲಿ ಒಂಬತ್ತು ಹತ್ತು ವರ್ಷದ 20 ಮಕ್ಕಳನ್ನು 20 ನಿಮಿಷ ನಡೆಸಿ ಆಮೇಲೆ ಪರೀಕ್ಷೆ ಕೊಟ್ಟರು. ಅದೇ ಮಕ್ಕಳು ಸುಮ್ಮನೆ ಕೂತಿದ್ದು ಬರೆದದ್ದಕ್ಕಿಂತ ನಡೆದು ಬಂದು ಬರೆದಾಗ ಗಮನವೂ ಚೆನ್ನಾಗಿತ್ತು, ಓದಿದ್ದನ್ನು ಗ್ರಹಿಸೋದೂ ಚೆನ್ನಾಗಿತ್ತು. ಸಣ್ಣ ಅಧ್ಯಯನ, ಒಪ್ಪೋಣ. ಕಬಡ್ಡಿ ಆಡಿದ ಮಾತ್ರಕ್ಕೆ 625ಕ್ಕೆ 625 ಬರುತ್ತೆ ಅಂತ ನಾನೂ ಹೇಳ್ತಿಲ್ಲ, ಓದಲೇಬೇಕು. ಆದರೆ ಮೂರು ತಾಸು ಸತತ ಕೂತು ಕಣ್ಣು ಮಂಜಾದ ಹುಡುಗನಿಗೆ ನಾಲ್ಕನೇ ತಾಸಿನ ಪಾಠ ತಲೆಗೆ ಹೋಗುತ್ತೆ ಅಂತ ಯಾವ ಮೇಷ್ಟ್ರು ಎದೆ ಮುಟ್ಟಿಕೊಂಡು ಹೇಳ್ತಾರೆ?

"ಅದೆಲ್ಲ ಪೇಟೆ ಮಕ್ಕಳಿಗೆ. ನಮ್ಮ ಮಕ್ಕಳು ಹೊಲ ತೋಟ ಅಂತ ಓಡಾಡ್ತಾವೆ" ಅನ್ನೋರಿದ್ದಾರೆ. ಸ್ವಾಮಿ, ಯಾವ ಕಾಲದ ಮಾತು? ಮೆಕ್ಕೆಜೋಳ ಬಿಡಿಸೋಕೆ ಮಷಿನ್ ಬಂತು. ಅಡಿಕೆ ಸುಲಿಯೋದು ಕೂತು ಮಾಡೋ ಕೆಲಸ. ಶಾಲೆಗೆ ನಡೆದು ಹೋಗ್ತಿದ್ದ ಮಕ್ಕಳು ಈಗ ವ್ಯಾನಲ್ಲಿ ಹೋಗ್ತಾರೆ. ಎಂಟನೇ ಕ್ಲಾಸಿನವರಿಗೆ ಸರ್ಕಾರ ಕೊಡ್ತಿದ್ದ ಸೈಕಲ್ 2006-07ರಲ್ಲಿ ಶುರುವಾಗಿದ್ದು, ಶಿಕಾರಿಪುರದ ಯಡಿಯೂರಪ್ಪನವರು ಹಣಕಾಸು ನೋಡ್ತಿದ್ದಾಗ. ಕೋವಿಡ್ ಬಂದಾಗ ನಿಂತ ಆ ಸೈಕಲ್ ಆಮೇಲೆ ವರ್ಷಗಟ್ಟಲೆ ಬರಲೇ ಇಲ್ಲ. ವಿಶ್ವ ಆರೋಗ್ಯ ಸಂಸ್ಥೆ 5ರಿಂದ 17 ವರ್ಷದವರಿಗೆ ದಿನಕ್ಕೆ ಸರಾಸರಿ 60 ನಿಮಿಷ ಮೈ ಬೆವರೋ ಚಟುವಟಿಕೆ ಬೇಕು ಅನ್ನುತ್ತೆ. ನಿಮ್ಮ ಮಗ ನಿನ್ನೆ ಎಷ್ಟು ನಿಮಿಷ ಓಡಿದ?

ಮಗಳ ವಿಷಯ ಇನ್ನೂ ಕಷ್ಟ. ದೊಡ್ಡವಳಾದಳು ಅಂದ ಕೂಡಲೇ ಆಟ ಬಂದ್. 2025ರ ಜನವರಿಯಲ್ಲಿ ದೆಹಲಿಯಲ್ಲಿ ಮೊದಲ ಖೊಖೊ ವಿಶ್ವಕಪ್ ಗೆದ್ದ ನಮ್ಮ ದೇಶದ ಹೆಣ್ಣುಮಕ್ಕಳ ತಂಡದಲ್ಲಿ ಟಿ. ನರಸೀಪುರ ತಾಲ್ಲೂಕಿನ ಕುರುಬೂರು ಅನ್ನೋ ಹಳ್ಳಿಯ ಬಿ. ಚೈತ್ರಾ ಆಡಿದ್ದರು. ಆ ಸುದ್ದಿಯನ್ನು ಸ್ಟೇಟಸ್‌ಗೆ ಹಾಕಿದ ಎಷ್ಟು ಅಪ್ಪಂದಿರು ಸ್ವಂತ ಮಗಳನ್ನು ಮೈದಾನಕ್ಕೆ ಕಳಿಸಿದರೋ ಕಾಣೆ.

ಮೇಷ್ಟ್ರುಗಳನ್ನಷ್ಟೇ ಬೈದರೆ ಸುಳ್ಳಾಗುತ್ತೆ. ಫಲಿತಾಂಶ ಇಳಿದರೆ ಮೇಲಿನವರು ಕೇಳೋದು ಅವರನ್ನೇ, ಆಟ ಆಡಿಸಲಿಲ್ಲ ಅಂತ ಯಾರೂ ನೋಟಿಸ್ ಕೊಡಲ್ಲ. 2009ರ ಶಿಕ್ಷಣ ಹಕ್ಕು ಕಾಯ್ದೆ ಶಾಲೆಗೆ ಮೈದಾನ ಇರಬೇಕು ಅನ್ನುತ್ತೆ, ಆರರಿಂದ ಎಂಟನೇ ಕ್ಲಾಸಿಗೆ ಅರೆಕಾಲಿಕ ದೈಹಿಕ ಶಿಕ್ಷಕರೂ ಬೇಕು ಅನ್ನುತ್ತೆ. ಆದರೆ ಶಿಕ್ಷಕರ ವಿಷಯದಲ್ಲಿ ಒಂದು ಷರತ್ತು: ಮಕ್ಕಳು ನೂರು ದಾಟಿರಬೇಕು. ನೂರು ಮಕ್ಕಳಿಲ್ಲದ ಹಳ್ಳಿ ಶಾಲೆಯ ಮಕ್ಕಳಿಗೆ ಮಿದುಳಿಲ್ಲವೇ?

ಈ ಎರಡು ತಾಲ್ಲೂಕು ಒಬ್ಬೊಬ್ಬ ಮುಖ್ಯಮಂತ್ರಿಯನ್ನು ಕೊಟ್ಟಿವೆ. 2023ರಲ್ಲಿ ಶಾಲಾ ಶಿಕ್ಷಣ ಸಚಿವರಾದ ಮಧು ಬಂಗಾರಪ್ಪ ಸೊರಬದ ಶಾಸಕರು. ಅವರು ಊರಿಗೆ ಬಂದಾಗ ರಸ್ತೆ, ಚರಂಡಿ ಜೊತೆ ಇದನ್ನೂ ಕೇಳಿ: ಮಕ್ಕಳು ಕಡಿಮೆ ಇರೋ ನಮ್ಮ ಶಾಲೆಗೆ ಪಿ.ಟಿ. ಮೇಷ್ಟ್ರು ಯಾವಾಗ? ಅಲ್ಲೀವರೆಗೆ ಎಸ್‌ಡಿಎಂಸಿ ಸಭೆಯಲ್ಲಿ ವೇಳಾಪಟ್ಟಿ ತರಿಸಿ, ಹೋದ ತಿಂಗಳು ಎಷ್ಟು ಪಿ.ಟಿ. ಪೀರಿಯಡ್ ಮೈದಾನದಲ್ಲಿ ನಡೆದವು ಅಂತ ಮಕ್ಕಳನ್ನೇ ಕೇಳಿ.