ಕೇಬಲ್ ಹೂತರೆ ಸಾಲದು!

1948ರಲ್ಲಿ ಟೆಲಿಫೋನ್ ತಯಾರಿಕೆಗೆಂದು ಹುಟ್ಟಿದ್ದು ಬೆಂಗಳೂರಿನ ಐ.ಟಿ.ಐ. ಈಗ ಅದೇ ಕಂಪನಿ ಭಾರತ್‌ನೆಟ್ ಯೋಜನೆಯಡಿ ಹಿಮಾಚಲ, ಪಶ್ಚಿಮ ಬಂಗಾಳದ ಹಳ್ಳಿಗಳಿಗೆ ಬ್ರಾಡ್‌ಬ್ಯಾಂಡ್ ಕೇಬಲ್ ಎಳೆಯುವ ಗುತ್ತಿಗೆ ಹಿಡಿದಿದೆ. ಸಂತೋಷವೇ.

ಆದರೆ 2011ರಲ್ಲಿ ಮಂಜೂರಾದ ಈ ಯೋಜನೆಯ ಹಳೇ ಗೋಳೇನು? ರಸ್ತೆ ಅಗೆಯೋ ಜೆ.ಸಿ.ಬಿ. ಒಂದು ಕಡೆ ಕೇಬಲ್ ಕಡಿದರೆ ಸಾಕು, ಪಂಚಾಯ್ತಿ ಕಂಪ್ಯೂಟರ್ ಠಪ್! 2023ರಲ್ಲಿ ಕೇಂದ್ರ ಒಪ್ಪಿದ ಹೊಸ ಹಂತದಲ್ಲಿ ಕೇಬಲ್ಲು ಬಳೆಯಂತೆ ಸುತ್ತಿ ಬರಬೇಕು. ಒಂದು ಕಡೆ ತುಂಡಾದರೂ ಇನ್ನೊಂದು ಕಡೆಯಿಂದ ಸಂಪರ್ಕ ಸಿಗುತ್ತೆ. ಹತ್ತು ವರ್ಷದ ನಿರ್ವಹಣೆಯೂ ಗುತ್ತಿಗೆಯಲ್ಲೇ ಸೇರಿದೆ.

ಸಾಮಾನು ಕೊಟ್ಟು, ಬಿಲ್ಲು ಎಣಿಸಿಕೊಂಡು ಹೋಗೋ ವ್ಯಾಪಾರ ಇದಲ್ಲ. ಲೈನು ಸತ್ತ ದಿನ ಫೋನಿನಲ್ಲಿ ಕಾಸು ಪಡೆಯೋ ಅಂಗಡಿಯವನಿಗೆ ಗಿರಾಕಿ ತಪ್ಪುತ್ತೆ. ಆ ನಷ್ಟದ ಬಿಸಿ ಗುತ್ತಿಗೆದಾರನಿಗೂ ತಟ್ಟಲಿ.