ಕರೆಯದೆ ಬಂದ ಅತಿಥಿ

ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ತುಳಿದವರಲ್ಲಿ ನಾನೇ ಮೊದಲನೆಯವನು. ತಂದೆಯವರು ಕುರಿಗಳನ್ನು ಮಾರಿ ಕೊಡಿಸಿದ ಹಳೆಯ ಕಂಪ್ಯೂಟರಿನಲ್ಲಿ ನಾನು ಆಟವಾಡುವುದಿಲ್ಲ. ಇತಿಹಾಸದ ಟಿಪ್ಪಣಿ ಬರೆಯುತ್ತೇನೆ.

ಆದರೂ ವಿಂಡೋಸ್ ಕೀಲಿಯೊಡನೆ 'ಜಿ' ಅಕ್ಷರಕ್ಕೆ ಬೆರಳು ತಗುಲಿತೆಂದರೆ ಆಟಗಾರರ ಸಲಕರಣೆಗಳೆಲ್ಲ ಬರವಣಿಗೆಯ ಮೇಲೆ ಹರಡಿಕೊಳ್ಳುತ್ತವೆ. ಇದೇ ಎಕ್ಸ್‌ಬಾಕ್ಸ್ ಗೇಮ್ ಬಾರ್. 2015ರಲ್ಲಿ ವಿಂಡೋಸ್ 10ರೊಡನೆ ಬಂದದ್ದು. ಆಟವನ್ನು ಚಿತ್ರೀಕರಿಸುವವರಿಗೆ ಇದು ಉಪಯುಕ್ತವೆಂಬುದನ್ನು ನಾನು ಅಲ್ಲಗಳೆಯೆನು.

ಸೆಟ್ಟಿಂಗ್ಸ್ ಮುಟ್ಟಿದರೆ ಯಂತ್ರವೇ ಕೆಟ್ಟೀತೆಂದು ಒಂದು ವರ್ಷ ಅಂಜಿ ಕುಳಿತಿದ್ದೆ. ವಾಸ್ತವದಲ್ಲಿ ವಿಂಡೋಸ್ 10ರಲ್ಲಿ ಗೇಮಿಂಗ್ ವಿಭಾಗದ ಒಂದೇ ಗುಂಡಿಯಿಂದ ಅದು ಸುಮ್ಮನಾಗುತ್ತದೆ. ಪವರ್‌ಶೆಲ್ ಆಜ್ಞೆಯಿಂದ ಬುಡಸಹಿತ ಕೀಳಲೂಬಹುದು; ಆದರೆ ಆಮೇಲೆ ಆಟವೊಂದನ್ನು ತೆರೆದಾಗ, ಈ ಕೊಂಡಿಗೆ ಹೊಸ ಆ್ಯಪ್ ಬೇಕೆಂಬ ಸೂಚನೆ ತಲೆಹಾಕುವುದುಂಟು. ಆದುದರಿಂದ ಕೀಳುವುದಕ್ಕಿಂತ ನಿಲ್ಲಿಸುವುದೇ ಲೇಸು.

ಬೇಡವೆನ್ನುವ ಶ್ರಮವನ್ನು ಬೇಡದವನ ಮೇಲೇಕೆ ಹೊರಿಸಬೇಕು? ಬೇಕಾದವನು ಕೇಳಿ ಪಡೆಯಲಿ. ಬಲ್ಲವರಿಗೆ ಇದು ಕ್ಷಣದ ಕೆಲಸ. ಕೇಳಲು ಮನೆಯಲ್ಲಿ ಯಾರೂ ಇಲ್ಲದವನಿಗೆ ಒಂದು ವರ್ಷದ ಅಂಜಿಕೆ. ಗೆಳೆಯರೇ, ನಿಮ್ಮ ಯಂತ್ರದ ಸೆಟ್ಟಿಂಗ್ಸನ್ನು ಒಮ್ಮೆ ತೆರೆದು ನೋಡಿ. ಉಪಕರಣ ನಮ್ಮದೆಂದ ಮೇಲೆ, ಅದರೊಳಗೆ ಯಾರಿರಬೇಕೆಂಬುದನ್ನು ನಾವೇ ನಿರ್ಧರಿಸೋಣ.