ತೂಕದ ಮನುಷ್ಯ

ಮನುಷ್ಯನ ಬೆಲೆಯನ್ನು ತಕ್ಕಡಿಯಲ್ಲಿಟ್ಟು ನಿರ್ಧರಿಸುವ ವೃತ್ತಿಗಳು ಕೆಲವುಂಟು. ಅಮೆರಿಕನ್ ಫುಟ್‌ಬಾಲ್ ಅವುಗಳಲ್ಲೊಂದು. ಹೆಸರು ಒಂದೇ ಆದರೂ ಅದು ನಾವು ಬಲ್ಲ ಕಾಲ್ಚೆಂಡಾಟವಲ್ಲ. ಮೊಟ್ಟೆಯಾಕಾರದ ಚೆಂಡನ್ನು ಕೈಯಲ್ಲಿ ಹಿಡಿದು, ಎದುರಾಳಿಗಳ ಸಾಲನ್ನು ಭೇದಿಸಿ ನುಗ್ಗುವ ಆಟ. ಆ ಸಾಲಿನಲ್ಲಿ ಗೋಡೆಯ ಕಲ್ಲುಗಳಂತೆ ನಿಲ್ಲುವವರೇ ಲೈನ್‌ಮನ್‌ಗಳು. ಚೆಂಡು ಅವರ ಕೈಗೆ ಬರುವುದೇ ಅಪರೂಪ. ಎದುರಿಗಿರುವ ದೈತ್ಯನೊಡನೆ ಮೈಗೆ ಮೈ ತಾಗಿಸಿ ಹೋರಾಡುವುದೇ ಅವರ ಕಸುಬು. ಇಂಥ ಲೈನ್‌ಮನ್ ಒಬ್ಬರ ಕಥೆ ಆಟದಲ್ಲಿ ಆಸಕ್ತಿಯಿಲ್ಲದವರೂ ಕೇಳತಕ್ಕದ್ದಾಗಿದೆ.

ಆಲನ್ ಪೇಜ್ ಹುಟ್ಟಿದ್ದು 1945ರಲ್ಲಿ, ಓಹಾಯೋ ಸಂಸ್ಥಾನದ ಕ್ಯಾಂಟನ್ ಎಂಬ ಊರಿನ ಕಪ್ಪು ಜನಾಂಗದ ಮನೆಯಲ್ಲಿ. ಅದು ಉಕ್ಕಿನ ಕಾರ್ಖಾನೆಗಳ ಊರು. ಅಲ್ಲಿಯ ಬಡ ಹುಡುಗರ ದಾರಿ ಸಾಮಾನ್ಯವಾಗಿ ಕಾರ್ಖಾನೆಯ ಬಾಗಿಲಲ್ಲೇ ಮುಗಿಯುತ್ತಿತ್ತು. ವರ್ಣಭೇದದ ಶಾಲೆಗಳು ಸಂವಿಧಾನಕ್ಕೆ ವಿರುದ್ಧವೆಂದು 1954ರಲ್ಲಿ ಅಮೆರಿಕದ ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಾಗ ಪೇಜ್ ಅವರಿಗೆ ಇನ್ನೂ ಒಂಬತ್ತು ತುಂಬಿರಲಿಲ್ಲ. ಕಾನೂನಿಗೆ ಇಷ್ಟು ಶಕ್ತಿಯುಂಟೇ ಎಂಬ ಬೆರಗು ಆ ಎಳೆಯ ಮನಸ್ಸಿನಲ್ಲಿ ಬೇರೂರಿತು.

ಆದರೆ ಮೊದಲು ಕೈಹಿಡಿದದ್ದು ಆಟ. ನಾಟರ್ ಡೇಮ್ ವಿಶ್ವವಿದ್ಯಾನಿಲಯದಲ್ಲಿ ರಾಜ್ಯಶಾಸ್ತ್ರದ ಪದವಿ ಪಡೆದು, 1967ರಲ್ಲಿ ಅವರು ಮಿನೆಸೋಟ ವೈಕಿಂಗ್ಸ್ ತಂಡವನ್ನು ಸೇರಿದರು. 1971ರಲ್ಲಿ ವರ್ಷದ ಅತ್ಯಮೂಲ್ಯ ಆಟಗಾರನೆಂಬ ಗೌರವ ಅವರಿಗೆ ಸಂದಿತು. ರಕ್ಷಣೆಯ ಸಾಲಿನ ಆಟಗಾರನಿಗೆ ಆ ಗೌರವ ದೊರೆತುದು ಅದೇ ಮೊದಲು.

ಕೀರ್ತಿಯ ನಡುವೆಯೂ ಅವರನ್ನು ಒಂದು ಸಂಗತಿ ಕಾಡಿತು. ಕಾಲೇಜು ದಾಟಿ ಬಂದಿದ್ದ ಸಹ ಆಟಗಾರರಲ್ಲಿ ಕೆಲವರು ತಂಡದ ತಂತ್ರಗಳ ಪುಸ್ತಕವನ್ನೇ ಸರಿಯಾಗಿ ಓದಲಾರದೆ ತಡವರಿಸುತ್ತಿದ್ದರು. ಅವರ ತೋಳಿನ ಬಲ ನೋಡಿದವರಾರೂ ಅವರ ಓದನ್ನು ವಿಚಾರಿಸಿರಲಿಲ್ಲ! ಪೇಜ್ ಆಟವಾಡುತ್ತಲೇ ಕಾನೂನು ವ್ಯಾಸಂಗಕ್ಕೆ ತೊಡಗಿದರು.

ಇದೇ ಕಾಲಕ್ಕೆ, ಧೂಮಪಾನ ಬಿಡಲು ಹೊರಟ ಪತ್ನಿಗೆ ಜೊತೆಯಾಗಿ ಅವರು ದೂರದ ಓಟವನ್ನು ಆರಂಭಿಸಿದರು. ಮೈ ಹಗುರವಾಯಿತು. ಲೈನ್‌ಮನ್ನನಿಗೆ ಇದು ಸಲ್ಲದೆಂದು ತಂಡದವರು 1978ರಲ್ಲಿ, ಪಂದ್ಯಗಳ ಋತುವಿನ ನಡುವೆಯೇ, ಅವರನ್ನು ಕೈಬಿಟ್ಟರು. ಷಿಕಾಗೋ ಬೇರ್ಸ್ ತಂಡ ಕೇವಲ 100 ಡಾಲರ್ ಶುಲ್ಕ ತೆತ್ತು ಅವರನ್ನು ಕರೆದುಕೊಂಡಿತು. ಕಾನೂನು ಪದವಿ ಅವರ ಕೈಸೇರಿದ್ದೂ ಅದೇ ವರ್ಷ. ತೂಕ ಸಾಲದೆಂದು ಬಿಟ್ಟವರಿಗೆ ಉತ್ತರವೆಂಬಂತೆ 1981ರವರೆಗೂ ಆಡಿದರು. ಹದಿನೈದು ವರ್ಷಗಳಲ್ಲಿ 218 ಪಂದ್ಯಗಳು, ಒಂದನ್ನೂ ತಪ್ಪಿಸದೆ.

1988ರಲ್ಲಿ ಫುಟ್‌ಬಾಲ್ ಕೀರ್ತಿಭವನ ಅವರನ್ನು ಗೌರವಿಸಿತು. ಆ ಭವನವಿರುವುದು ಕ್ಯಾಂಟನ್ನಿನಲ್ಲಿಯೇ. ಅದನ್ನು ಕಟ್ಟುವಾಗ ಹುಡುಗ ಪೇಜ್ ಅಲ್ಲಿ ಕೂಲಿ ಮಾಡಿದ್ದುಂಟು. ವೇದಿಕೆಯನ್ನೇರಿದ ಅವರು ಹೆಚ್ಚಾಗಿ ಆಡಿದ್ದು ವಿದ್ಯೆಯ ಮಾತು. ಅದೇ ವರ್ಷ ಸ್ಥಾಪಿಸಿದ ನಿಧಿಯಿಂದ ಕಾಲೇಜು ವಿದ್ಯಾರ್ಥಿಗಳಿಗೆ ವೇತನ ದೊರೆಯುವಂತಾಯಿತು. ನಿಯಮ ಒಂದೇ: ವೇತನ ಪಡೆದವರು ಎಳೆಯ ಮಕ್ಕಳ ಓದಿಗೆ ನೆರವಾಗಬೇಕು.

1992ರಲ್ಲಿ ಅವರು ಮಿನೆಸೋಟದ ಸರ್ವೋಚ್ಚ ನ್ಯಾಯಾಲಯದ ಸ್ಥಾನಕ್ಕೆ ಚುನಾವಣೆಗೆ ನಿಲ್ಲಲೆಳಸಿದರು. ಆಗ ಆ ಸ್ಥಾನದ ನ್ಯಾಯಾಧೀಶರ ಅವಧಿಯನ್ನು ರಾಜ್ಯಪಾಲರು ವಿಸ್ತರಿಸಿದ್ದರಿಂದ ಚುನಾವಣೆಯೇ ಇಲ್ಲದಂತಾಯಿತು. ಪೇಜ್ ದಾವೆ ಹೂಡಿ ಗೆದ್ದರು. ಬಳಿಕ ಚುನಾವಣೆಯನ್ನೂ ಗೆದ್ದರು. ಆ ಪೀಠವನ್ನೇರಿದ ಕಪ್ಪು ಜನಾಂಗದವರಲ್ಲಿ ಅವರೇ ಮೊದಲಿಗರು. ಎಪ್ಪತ್ತು ತುಂಬಿದ 2015ರಲ್ಲಿ ನಿಯಮದಂತೆ ನಿವೃತ್ತರಾದರು.

ಮಿನಿಯಾಪೊಲಿಸ್ ನಗರದ ಒಂದು ಶಾಲೆಗೆ 2017ರಲ್ಲಿ, ಮಕ್ಕಳ ಒತ್ತಾಸೆಯಿಂದಲೇ, ಅವರ ಹೆಸರನ್ನಿಟ್ಟರು. ಆ ಹೆಸರಿನಲ್ಲಿ ಆಟದ ಸುಳಿವಿಲ್ಲ. ಬಾಗಿಲ ಮೇಲಿರುವುದು ‘ನ್ಯಾಯಮೂರ್ತಿ ಪೇಜ್ ಶಾಲೆ’ ಎಂದು.